ಗುರುಮೇಶನ ಗದ್ದೆ

ಮುಕ್ಕುಂದದ ದುರ್ಗಾದೇವಿಗೆ ಕಣ್ಣಾರೆ ಕಾಣದ್ದನ್ನು ನಂಬುವ ರೂಢಿಯೇ ಇರಲಿಲ್ಲ. ಕಾಲುವೆಗೆ ನೀರು ಬಿಟ್ಟಿದ್ದಾರೆಂದು ಊರೆಲ್ಲ ಸುದ್ದಿಯಾದರೂ ಆಕೆ ತೂಬಿನ ತನಕ ನಡೆದು ಹೋಗಿ, ನೋಡಿ, ಆಮೇಲೆಯೇ ಗಂಡನಿಗೆ ಹೇಳುವವಳು. ಗಂಡ ಗ್ಯಾನಪ್ಪ ಇದಕ್ಕೆ ತದ್ವಿರುದ್ಧ. ಯಾರು ಏನು ಹೇಳಿದರೂ "ಹೌದೇನು!" ಎಂದು ಬೆರಗಾಗುವ ಸಾದಾ ಮನುಷ್ಯ. ಹೀಗಾಗಿ ಆ ಮನೆಯ ಕಾರಭಾರವೆಲ್ಲ ದುರ್ಗಾದೇವಿಯ ಕೈಯಲ್ಲೇ ಇತ್ತು, ಗ್ಯಾನಪ್ಪನಿಗೂ ಅದರಿಂದ ಆರಾಮಾಗಿತ್ತು.

ಸುಗ್ಗಿ ಬಂತೆಂದರೆ ಪಂಜಾಬಿನಿಂದ ಭತ್ತ ಕೊಯ್ಯುವ ಮಷಿನ್‌ಗಳು ಸಿಂಧನೂರಿನ ಕಡೆಗೆ ಬರುತ್ತವೆ. ಅಂಥದೊಂದು ಮಷಿನ್ನಿನ ಡ್ರೈವರ್ ಆಗಿ ಮುಕ್ಕುಂದಕ್ಕೆ ಬಂದವನು ಗುರ್ಮೇಜ್ ಸಿಂಗ್. ಊರವರ ನಾಲಿಗೆಗೆ ಆ ಹೆಸರು ಹೊರಳದೆ ಮೊದಲ ವರ್ಷವೇ ಅವನು ಗುರುಮೇಶ ಆಗಿಹೋದ. ಮಷಿನ್ ನಿಲ್ಲಿಸುವುದು ದುರ್ಗಾದೇವಿಯ ಮನೆಯ ಮುಂದಿನ ಬಯಲಿನಲ್ಲಿ, ಮಲಗುವುದು ಆಕೆಯ ಪಡಸಾಲೆಯಲ್ಲಿ, ಉಣ್ಣುವುದು ಆಕೆ ಬಡಿದ ಜೋಳದ ರೊಟ್ಟಿ. ಮೂರ್ನಾಲ್ಕು ಸುಗ್ಗಿ ಕಳೆಯುವಷ್ಟರಲ್ಲಿ ಅವನ ಬಾಯಲ್ಲಿ ಒಂದು ಬಗೆಯ ಕನ್ನಡವೂ ಕುದುರಿತು. ಆಕೆಯನ್ನು ಅವ್ವಾ ಎಂದೇ ಕರೆಯುತ್ತಿದ್ದ.

ಹೋದ ಸುಗ್ಗಿಯಲ್ಲಿ ಒಂದು ಸಂಜೆ ಊಟಕ್ಕೆ ಕೂತಾಗ ಗುರುಮೇಶ ತನ್ನ ಊರಿನ ಮಾತು ತೆಗೆದ.

"ಅವ್ವಾ, ನಂದು ಗದ್ದಿ ಬಾರ್ಡರಿನಾಗ ಐತಿ. ತಂತಿ ಬೇಲಿ ಹಾಕ್ಯಾರ. ನನ್ನ ಗದ್ದಿ ಬೇಲಿ ಆ ಕಡಿ. ದಿನಾ ಗೇಟಿಗೆ ಹೋಗಿ ಕಾರ್ಡ್ ತೋರಿಸಬೇಕು. ಬಂದೂಕಿನವರು ಮೈ ತಡವಿ ನೋಡ್ತಾರ. ಆಮ್ಯಾಲ ಬಿಡ್ತಾರ."

ದುರ್ಗಾದೇವಿ ರೊಟ್ಟಿ ಬಡಿಯುವುದನ್ನು ನಿಲ್ಲಿಸಿದಳು. "ನಿನ್ನ ಗದ್ದಿಗೆ ನೀ ಹೋಗಾಕ?"

"ಹಾಂ ಅವ್ವಾ."

"ಹಂಗಾದ್ರ ಅದು ಪಾಕಿಸ್ತಾನದ ನೆಲ ಇರಬೇಕು."

"ಇಲ್ಲ ಇಲ್ಲ. ನಮ್ದೇ ದೇಶ. ಗಡಿ ಇನ್ನೂ ಮುಂದ ಐತಿ. ಬೇಲಿ ಹಿಂದ ಹಾಕ್ಯಾರ."

ದುರ್ಗಾದೇವಿ ಸೆರಗು ಬಾಯಿಗೆ ಹಚ್ಚಿಕೊಂಡು ನಕ್ಕಳು. "ಹೊಲ ಹೊರಗಿಟ್ಟು ಯಾರರ ಬೇಲಿ ಹಾಕ್ತಾರೇನೋ? ಸುಳ್ಳು ಹೇಳಿದ್ರೂ ಹೊಂದೋ ಹಂಗ ಹೇಳಬೇಕಪಾ."

"ಹೌದೇನು! ಬಂದೂಕಿನವರೇ!" ಎಂದ ಗ್ಯಾನಪ್ಪ ಆಗಲೇ ನಂಬಿಬಿಟ್ಟಿದ್ದ.

"ಬಂದು ನೋಡು ಅವ್ವಾ. ನನ್ನ ತಾಯಿನೂ ನಿನ್ನ ನೋಡಬೇಕು ಅಂತಾಳ" ಎಂದ ಗುರುಮೇಶ, ಕೊಂಚ ಮುನಿಸಿನಿಂದಲೇ.

"ಬರ್ತೀನಿ. ನಾ ಬಿಡೋ ಪೈಕಿ ಅಂದುಕೊಂಡಿ ಏನು?"

ಇದು ಊಟದ ಹೊತ್ತಿನ ಮಾತಾಗಿ ಅಲ್ಲಿಗೇ ಮುಗಿದು ಹೋಗುತ್ತಿತ್ತೋ ಏನೋ. ಆದರೆ ಶ್ರಾವಣದಲ್ಲಿ ಸಿಂಧನೂರಿನ ಸಂತೆಗೆ ಹೋದಾಗ ಬಸ್‌ಸ್ಟ್ಯಾಂಡಿನ ಗೋಡೆಗೆ ಕಟ್ಟಿದ್ದ ಬ್ಯಾನರೊಂದು ಆಕೆಯ ಕಣ್ಣಿಗೆ ಬಿತ್ತು. ಗುರುಗುಂಟಾದ ಹನುಮಂತರಾಯ ಅಮೃತಸರಕ್ಕೆ ಯಾತ್ರೆ ಹೊರಡಿಸಿದ್ದ. ಆತ ಗಡಿ ಭದ್ರತಾ ಪಡೆಯಲ್ಲಿ ಬಹುಕಾಲ ದುಡಿದು, ಊರಿಗೆ ಮರಳಿದ ಮೇಲೆ ವರ್ಷಕ್ಕೊಮ್ಮೆ ನಮ್ಮ ಕಡೆಯ ಜನರನ್ನು ಕಟ್ಟಿಕೊಂಡು ಹೋಗಿ ಗಡಿ ತೋರಿಸಿಕೊಂಡು ಬರುತ್ತಿದ್ದ. ದುರ್ಗಾದೇವಿ ಅಲ್ಲಿಯೇ ನಿಂತು ಬ್ಯಾನರಿನಲ್ಲಿದ್ದ ನಂಬರಿಗೆ ಫೋನು ಹಚ್ಚಿದಳು. ಗುರುಮೇಶನ ಊರಿನ ಹೆಸರು ಹೇಳಿದ್ದೇ ತಡ, ಆ ಕಡೆಯಿಂದ ದೊಡ್ಡ ನಗೆ ಕೇಳಿಸಿತು.

"ಅಕ್ಕಾರ, ಆ ಊರಿನ ಗೇಟಿನಾಗ ನಾ ಪಹರೆ ಮಾಡೀನ್ರಿ! ಅಲ್ಲಿಗೂ ಕರ್ಕೊಂಡು ಹೋಗ್ತೀನಿ. ಪರವಾನಗಿ ನಾ ಕೇಳಿ ಇಡ್ತೀನಿ, ನೀವು ಬರೀ ಗಟ್ಟಿ ಚಪ್ಪಲಿ ಹಾಕ್ಕೊಂಡು ಬರ್ರಿ."

ನಾಟಿ ಮುಗಿದು ಗದ್ದೆಗಳು ಹಸಿರು ಹಿಡಿದಿದ್ದವು. ನೀರಿನ ಪಾಳಿ ನೋಡಿಕೊಳ್ಳಲು ಗ್ಯಾನಪ್ಪ ಊರಲ್ಲೇ ಉಳಿದ. ದುರ್ಗಾದೇವಿ ಗುರುಮೇಶನ ಸಲುವಾಗಿ ಒಂದು ಚೀಲ ಜೋಳದ ಹಿಟ್ಟು ಕಟ್ಟಿಕೊಂಡು ರೈಲು ಹತ್ತಿದಳು. ದಾರಿಯಲ್ಲಿ ಆಕೆಗೆ ಜೊತೆಯಾದವರು ಮಸ್ಕಿಯ ಕಲ್ಯಾಣಮ್ಮ. ಬಟ್ಟೆ ಅಂಗಡಿಯವರು, ಹಣೆತುಂಬ ವಿಭೂತಿ ಧರಿಸಿದ ದೊಡ್ಡ ಮನೆತನದ ಹೆಂಗಸು. ಮಾತು ಕಡಿಮೆ, ಆದರೆ ಆಡಿದರೆ ಮುಗಿಯಿತು, ಅದನ್ನು ಯಾರೂ ಮೀರುತ್ತಿರಲಿಲ್ಲ. ಎದುರಿನ ಸೀಟಿನಲ್ಲಿ ಲಿಂಗಸುಗೂರಿನಲ್ಲಿ ಬೀಜ ಗೊಬ್ಬರದ ಅಂಗಡಿ ಇಟ್ಟಿದ್ದ ಸಂಗನಬಸವ. ಗಡಿಯಲ್ಲಿ ಸಂಜೆ ಧ್ವಜ ಇಳಿಸುವುದನ್ನು ನೋಡುವುದೇ ಆತನ ಜೀವನದ ದೊಡ್ಡ ಆಸೆ. ಅದಕ್ಕೆಂದೇ ಕೇಸರಿ, ಬಿಳಿ, ಹಸಿರಿನ ರುಮಾಲು ಹೊಲಿಸಿಕೊಂಡು ಬಂದಿದ್ದ. ಅದನ್ನು ಪೆಟ್ಟಿಗೆಯಿಂದ ತೆಗೆದು ತೆಗೆದು ಎಲ್ಲರಿಗೂ ತೋರಿಸುತ್ತಿದ್ದ.

ಗಡಿ ನೋಡುವ ದಿನ ಬೆಳಿಗ್ಗೆ ಅಮೃತಸರದಿಂದ ಬಸ್ಸು ಹೊರಟಿತು. ಹನುಮಂತರಾಯ ಡ್ರೈವರಿನ ಪಕ್ಕದಲ್ಲಿ ಬೆನ್ನು ನೆಟ್ಟಗೆ ಮಾಡಿ ನಿಂತಿದ್ದ. ಊರಲ್ಲಿ ನೋಡಿದವರಿಗೆ ಅವನ ಗುರುತು ಸಿಗುತ್ತಿರಲಿಲ್ಲ, ಅಷ್ಟು ಬಿಗಿ.

"ಎಲ್ಲಾರೂ ಕೇಳ್ರಿ. ಮುಂಜಾನೆ ಬಾರ್ಡರಿನ ಊರು, ಸಂಜಿಕ ಧ್ವಜ ಇಳಿಸೋದು. ನಾ ಹೇಳಿದಲ್ಲಿ ನಿಲ್ಲಬೇಕು. ಫೋಟೋ ಅಂದ್ರ ಫೋಟೋ, ಬ್ಯಾಡ ಅಂದ್ರ ಬ್ಯಾಡ. ಈಗ ಅಲ್ಲಿ ಹವಾ ಬಿಸಿ ಐತಿ. ನಾ 'ನಡೀರಿ' ಅಂದ್ರ ಯಾಕ ಅಂತ ಕೇಳಂಗಿಲ್ಲ, ನಡಿಯೋದೇ."

"ಬೇಲಿ ಮುಟ್ಟಬಹುದೇನ್ರಿ?" ಎಂದ ಸಂಗನಬಸವ.

"ಮುಟ್ಟಿದ್ರ ನಿಮ್ಮ ರುಮಾಲಿನ ಸಮೇತ ನಿಮ್ಮನ್ನ ಲಿಂಗಸುಗೂರಿಗೆ ಪಾರ್ಸಲ್ ಮಾಡ್ತಾರ."

ಬಸ್ಸು ಗೊಳ್ಳೆಂದಿತು. ಕಿಟಕಿಯ ಆಚೆ ಭತ್ತವೋ ಭತ್ತ. ದುರ್ಗಾದೇವಿಗೆ ಒಂದು ಗಳಿಗೆ ತಾನು ಕಾಲುವೆ ರಸ್ತೆಯಲ್ಲೇ ಇದ್ದೇನೆ ಅನ್ನಿಸಿತು. ಆದರೆ ಬರಬರುತ್ತ ರಸ್ತೆಯ ಮೇಲೆ ಅಡ್ಡಗಟ್ಟೆಗಳು, ಮರಳು ಚೀಲದ ಗೂಡುಗಳು, ಅವುಗಳ ಕಿಂಡಿಯಿಂದ ಇಣುಕುವ ಬಂದೂಕುಗಳು ಕಾಣತೊಡಗಿದವು. 

ಊರ ಬಾಗಿಲಲ್ಲಿ ಗುರುಮೇಶ ಕಾದು ನಿಂತಿದ್ದ. "ಅವ್ವಾ ಬಂದಾಳ! ಅವ್ವಾ ಬಂದಾಳ!" ಎಂದು ಕೂಗಿ, ದುರ್ಗಾದೇವಿ ಬಸ್ಸಿನ ಮೆಟ್ಟಿಲು ಇಳಿಯುವ ಮೊದಲೇ ಪಾದ ಮುಟ್ಟಿ, ಹಿಟ್ಟಿನ ಚೀಲ ಹೆಗಲಿಗೇರಿಸಿಕೊಂಡ.

"ನಿನ್ನ ತಾಯಿ ಎಲ್ಲಿ?"

"ಹುಲ್ಲು ಕೊಯ್ಯಾಕ ಹೋಗ್ಯಾಳ. ಎಮ್ಮಿ ಹಸಿದಿರ್ತೈತಿ, ಅವ್ವ ಬಂದ್ರೇನು ಯಾರು ಬಂದ್ರೇನು ಅಂದಳು. ಈಗ ಬರ್ತಾಳ."

ಹನುಮಂತರಾಯ ಎಲ್ಲರನ್ನೂ ಸಾಲಾಗಿ ನಡೆಸಿಕೊಂಡು ಊರಾಚೆಯ ಮಣ್ಣಿನ ದಿಬ್ಬಕ್ಕೆ ಹತ್ತಿಸಿದ. ಮೇಲೆ ನಿಂತ ದುರ್ಗಾದೇವಿ ಕಣ್ಣಿಗೆ ಕೈ ಮರೆ ಮಾಡಿ ನೋಡಿದಳು.

ಬೇಲಿ ಎಂದರೆ ಆಕೆ ನಾಲ್ಕು ಎಳೆ ತಂತಿ ಅಂದುಕೊಂಡಿದ್ದಳು. ಇದು ಎರಡಾಳು ಎತ್ತರದ ಮುಳ್ಳುತಂತಿಯ ಗೋಡೆ. ಒಂದರ ಹಿಂದೆ ಇನ್ನೊಂದು, ನಡುವೆ ಸುರುಳಿ ಸುರುಳಿ ತಂತಿ, ಉದ್ದಕ್ಕೂ ದೀಪದ ಕಂಬಗಳು, ಕಣ್ಣು ಹಾಯುವ ತನಕ ಎಡಕ್ಕೂ ಬಲಕ್ಕೂ. ತಂತಿಗೆ ಅಲ್ಲಲ್ಲಿ ಖಾಲಿ ಬಾಟಲಿಗಳನ್ನು ಜೋಡಿಯಾಗಿ ತೂಗುಬಿಟ್ಟಿದ್ದರು. ಬೇಲಿಯ ಆಚೆ, ಅದೇ ಹಸಿರು, ಅದೇ ಭತ್ತ.

"ಬಾಟಲಿ ಯಾಕ್ರೀ?" ಕಲ್ಯಾಣಮ್ಮ ಕೇಳಿದರು.

"ಯಾರರ ತಂತಿ ಅಲುಗಿಸಿದ್ರ ಒಂದಕ್ಕೊಂದು ಬಡಿದು ಸಪ್ಪಳ ಆಗ್ತೈತ್ರಿ. ಎಂಥೆಂಥಾ ಮಷಿನ್ ಬಂದ್ರೂ ಈ ಬಾಟಲಿ ಮಾತ್ರ ತಗದಿಲ್ಲ" ಎಂದ ಹನುಮಂತರಾಯ. ಆಮೇಲೆ ದುರ್ಗಾದೇವಿಯ ಕಡೆ ತಿರುಗಿದ. "ಅಕ್ಕಾರ, ದೂರ ಆ ಬಿಳಿ ಕಲ್ಲು ಕಾಣಾಕತ್ತೈತೇನು? ಅದು ಗಡಿ. ಗಡಿಗೆ ಹತ್ತಿ ಏನೂ ಕಟ್ಟಬಾರದು ಅಂತ ಎರಡೂ ದೇಶದ ಮಾತಾಗೈತಿ. ಹಂಗಾಗಿ ಬೇಲಿ ಹಿಂದ ಸರಿದೈತಿ. ನಡುವಿನ ನೆಲ ನಮ್ಮ ರೈತರದೇ. ಆದ್ರ ಹೊತ್ತು ಮುಳುಗೋದರಾಗ ಎಲ್ಲಾರೂ ಹೊರಗ ಬರಬೇಕು. ಎತ್ತರ ಬೆಳೆ ಹಾಕಂಗಿಲ್ಲ. ಕಬ್ಬಿಲ್ಲ, ಮೆಕ್ಕಿಜೋಳ ಇಲ್ಲ. ಮರೆಯಾಗ ಯಾರರ ಅಡಗಿದ್ರ ಕಾಣಂಗಿಲ್ಲಲ್ಲ."

ದುರ್ಗಾದೇವಿ ಗೇಟಿನ ಕಡೆ ತಿರುಗಿದಳು. ಅಲ್ಲಿ ಒಬ್ಬ ರೈತ ಕೈ ಮೇಲೆತ್ತಿ ನಿಂತಿದ್ದ, ಜವಾನನೊಬ್ಬ ಅವನ ಜುಬ್ಬದ ಜೇಬು ತಡವುತ್ತಿದ್ದ. ಸೈಕಲ್ಲಿನ ಸೀಟನ್ನೂ ಅಲುಗಿಸಿ ನೋಡಿ ಒಳಗೆ ಬಿಟ್ಟ. ಆಕೆ ಗುರುಮೇಶನ ಭುಜದ ಮೇಲೆ ಕೈಯಿಟ್ಟಳು.

"ನೀ ಹೇಳಿದ್ದು ಖರೇನಪಾ. ನಾ ನಕ್ಕಿದ್ದೆ. ತಪ್ಪಾತು."

"ಹೋಗಲಿ ಬಿಡು ಅವ್ವಾ. ಅಕೋ, ನನ್ನ ತಾಯಿ!"

ಬೇಲಿಯ ಆಚೆ ದೂರದಲ್ಲಿ ಹಳದಿ ದುಪಟ್ಟಾದ ಹೆಂಗಸೊಬ್ಬಳು ಬದುವಿನ ಮೇಲೆ ಬಗ್ಗಿ ಹುಲ್ಲು ಕೊಯ್ಯುತ್ತಿದ್ದಳು. ಗುರುಮೇಶ ಸಿಳ್ಳೆ ಹಾಕಿದ. ಆಕೆ ನೆಟ್ಟಗಾಗಿ ಕುಡುಗೋಲು ಹಿಡಿದ ಕೈಯನ್ನೇ ಎತ್ತಿ ಬೀಸಿದಳು. ದುರ್ಗಾದೇವಿಯೂ ಸೆರಗು ಬೀಸಿದಳು.

ಅಷ್ಟರಲ್ಲಿ ಪಹರೆಯ ಗೋಪುರದಿಂದ ಸೀಟಿ ಕೇಳಿತು. ಒಂದಲ್ಲ, ಮೇಲಿಂದ ಮೇಲೆ. ಜವಾನರು ಓಡಿದರು. ಗೇಟು ಧಡ್ ಎಂದು ಮುಚ್ಚಿತು. ಗಡಿಯಾಚೆಯ ಆಕಾಶದಲ್ಲಿ ಸಣ್ಣದೊಂದು ಬಿಳಿಯ ವಸ್ತು ಮಿಂಚುತ್ತ ಈ ಕಡೆಗೇ ತೇಲಿ ಬರುತ್ತಿತ್ತು.

"ನಡೀರಿ" ಎಂದ ಹನುಮಂತರಾಯ. ದನಿ ಏರಿಸಲಿಲ್ಲ. ಆದರೂ ಯಾರೂ ಯಾಕೆಂದು ಕೇಳಲಿಲ್ಲ.

ಎಲ್ಲರೂ ದಿಬ್ಬ ಇಳಿದು ಊರ ಗುರುದ್ವಾರದ ಅಂಗಳಕ್ಕೆ ಬಂದರು. ಬಸ್ಸು ಅಲ್ಲಿಯೇ ನಿಂತಿತ್ತು. ಹನುಮಂತರಾಯ ಫೋನಿನಲ್ಲಿ ಯಾರೊಂದಿಗೋ ಹಿಂದಿಯಲ್ಲಿ ಮಾತಾಡಿ ಬಂದ. "ಡ್ರೋನ್ ಇರಬಹುದು, ಇರಲಿಕ್ಕಿಲ್ಲ. ನೋಡಾಕತ್ತಾರ. ಊರಾಗ ಭಯ ಇಲ್ಲ, ಆದ್ರ ಗೇಟು ಯಾವಾಗ ತಗೀತಾರೋ ಹೇಳಾಕ ಆಗಂಗಿಲ್ಲ. ನಾವು ಹೊರಡೂಣು."

"ಗುರುಮೇಶನ ತಾಯಿ?" ದುರ್ಗಾದೇವಿ ಕೇಳಿದಳು.

"ಒಳಗ ಕಿಸಾನ್ ಗಾರ್ಡಿನವರು ಇರ್ತಾರ್ರಿ, ರೈತರನ್ನ ಕಾಯಾಕ. ಅವರನ್ನೆಲ್ಲ ಒಂದು ಕಡಿ ಕುಂದರಿಸಿರ್ತಾರ."

"ಆಕಿ ಹೊರಗ ಬರೋ ತನಕ ನಾ ಬಸ್ಸು ಹತ್ತಂಗಿಲ್ಲ."

"ಅಕ್ಕಾರ—"

"ತಮ್ಮಾ, ನೀ ಹೇಳಿದ್ದೆಲ್ಲ ಕೇಳೀನಿ. ನಿಲ್ಲು ಅಂದಲ್ಲಿ ನಿಂತೀನಿ, ನಡಿ ಅಂದಾಗ ನಡದೀನಿ. ಇದೊಂದು ಮಾತು ನಂದು ನಡೀಲಿ. ಇವನ ಮಾರಿ ನೋಡು ಹೆಂಗಾಗೈತಿ."

ಗುರುಮೇಶ ಅಂಗಳದ ಮೂಲೆಯಲ್ಲಿ ನಿಂತು ಬೇಲಿಯ ದಿಕ್ಕನ್ನೇ ನೋಡುತ್ತಿದ್ದ. ಎಂದೂ ಸುಮ್ಮನಿರದ ಹುಡುಗನ ಬಾಯಿ ಕಟ್ಟಿಹೋಗಿತ್ತು.

ಸಂಗನಬಸವ ರುಮಾಲು ಸರಿಪಡಿಸಿಕೊಳ್ಳುತ್ತ ಮುಂದೆ ಬಂದ. "ಹಂಗಲ್ರೀ ಅಕ್ಕಾರ. ಧ್ವಜ ಇಳಿಸೋದಕ್ಕ ಜಲ್ದಿ ಹೋಗದಿದ್ರ ಜಾಗ ಸಿಗಂಗಿಲ್ಲ. ನಾ ಅದಕ್ಕಂತನ ಬಂದೀನಿ."

ಎಲ್ಲರ ಕಣ್ಣೂ ಹನುಮಂತರಾಯನ ಮೇಲೆ. ಅವನು ಏನು ಹೇಳುತ್ತಿದ್ದನೋ, ಅಷ್ಟರಲ್ಲಿ ಕಲ್ಯಾಣಮ್ಮ ಚಪ್ಪಲಿ ಕಳಚಿಟ್ಟು ಗುರುದ್ವಾರದ ನಲ್ಲಿಯ ಕೆಳಗೆ ಕಾಲು ತೊಳೆದುಕೊಳ್ಳುತ್ತಿದ್ದರು.

"ಸಂಗನಬಸಣ್ಣ, ಧ್ವಜ ನಾಳೆನೂ ಇಳಸ್ತಾರ" ಎಂದರು. "ಅವರ ಮನಿಗೆ ಬಂದು, ಮನಿಯಾಕಿ ಮಾರಿ ನೋಡದ ಹೋದ್ರ ನಮ್ಮೂರಾಗ ಏನಂತ ಹೇಳೂದು? ದುರ್ಗಮ್ಮಾ, ಒಳಗ ಒಲಿ ಐತೇನು ನೋಡು. ಸುಮ್ಮನ ಕುಂತ್ರ ಜೀವಕ್ಕ ಚಲೋ ಅಲ್ಲ."

ಅಲ್ಲಿಗೆ ಆ ಮಾತು ಮುಗಿಯಿತು. ಹನುಮಂತರಾಯ ಬಸ್ಸಿನ ಡ್ರೈವರಿಗೆ ಎಂಜಿನ್ ಬಂದ್ ಮಾಡಲು ಸನ್ನೆ ಮಾಡಿದ. ಅವನ ಮುಖದಲ್ಲೂ ಒಂದು ನಿರಾಳ ಕಂಡಿತು.

ಒಳಗೆ ದೊಡ್ಡ ಅಡುಗೆಮನೆ. ಊರಿನ ನಾಲ್ಕೈದು ಹೆಂಗಸರು ಹೆಂಚಿನ ಸುತ್ತ ಕೂತು ಗೋಧಿ ರೊಟ್ಟಿ ಮಾಡುತ್ತಿದ್ದರು. ದುರ್ಗಾದೇವಿ ಗುರುಮೇಶನ ಕಿವಿ ಹಿಂಡಿದಳು. "ಅಲ್ಲಿ ನಿಂತು ನೋಡಿದ್ರ ಗೇಟು ತಗದೀತೇನು? ನೀರು ಕಾಸು. ಆ ಹಿಟ್ಟಿನ ಚೀಲ ಬಿಚ್ಚು."

ಕಾದ ನೀರಿನಲ್ಲಿ ಹಿಟ್ಟು ನಾದಿ, ಆಕೆ ಮಣೆಯ ಮೇಲೆ ರೊಟ್ಟಿ ಬಡಿಯಲು ಶುರುಮಾಡಿದಾಗ ಪಂಜಾಬಿ ಹೆಂಗಸರು ತಮ್ಮ ಲಟ್ಟಣಿಗೆ ಬಿಟ್ಟು ಎದ್ದು ಬಂದರು. ಪಟಪಟ ಎನ್ನುವ ಆ ಸಪ್ಪಳಕ್ಕೆ, ಬಡಿಯುತ್ತಾ ಬಡಿಯುತ್ತಾ ತಾನೇ ಸುತ್ತಿ ಹಿಗ್ಗುವ ರೊಟ್ಟಿಗೆ ಅವರು ಕಣ್ಣರಳಿಸಿದರು. ಒಬ್ಬಳು ತಾನೂ ಬಡಿಯುತ್ತೇನೆಂದು ಕೂತಳು. ಅವಳ ರೊಟ್ಟಿ ಮೂರು ತುಂಡಾಯಿತು. ಇನ್ನೊಬ್ಬಳು ಜೋರಾಗಿ ಬಡಿದ ಏಟಿಗೆ ಹಿಟ್ಟು ಹಾರಿ ಸಂಗನಬಸವನ ರುಮಾಲಿಗೆ ಬಿತ್ತು. ಕಲ್ಯಾಣಮ್ಮ ತಮ್ಮ ಬುತ್ತಿಯ ಶೇಂಗಾ ಹಿಂಡಿಯ ಡಬ್ಬಿ ತೆಗೆದು, ಒಂದೊಂದು ಚಮಚ ಹಿಂಡಿಗೆ ಎಣ್ಣೆ ಬಿಟ್ಟು ಎಲ್ಲರಿಗೂ ಹಂಚಿದರು. ಅಲ್ಲಿಯವರು ಪ್ರತಿಯಾಗಿ ದಾಲು ಬಡಿಸಿದರು. ಯಾರ ಮಾತು ಯಾರಿಗೂ ತಿಳಿಯುತ್ತಿರಲಿಲ್ಲ, ಆದರೆ ಗದ್ದಲಕ್ಕೇನೂ ಕಡಿಮೆಯಿರಲಿಲ್ಲ. ಗುರುಮೇಶ ಎರಡು ರೊಟ್ಟಿ ತಿಂದ ಮೇಲೆ ಅವನ ಬಾಯಿಗೂ ಮಾತು ಬಂತು.

ಬಿಸಿಲು ಇಳಿಯತೊಡಗಿದಾಗ ಹನುಮಂತರಾಯ ಬಾಗಿಲಲ್ಲಿ ಕಾಣಿಸಿಕೊಂಡ. ತುಟಿ ಬಿಗಿಹಿಡಿದಿದ್ದರೂ ಕಣ್ಣಿನಲ್ಲಿ ನಗು ಒಡೆಯುತ್ತಿತ್ತು.

"ಸಿಕ್ಕೈತ್ರಿ. ಡ್ರೋನ್ ಅಲ್ಲ. ವಿಮಾನದಂಗ ಮಾಡಿದ ಬಲೂನು. ಆ ಕಡಿ ಯಾವುದೋ ಕೂಸಿನ ಕೈ ತಪ್ಪಿ ಬಂದೈತಿ. ಕಡ್ಲಿ ಕೀಳೋರಂಗ ಬಗ್ಗಿ ಬಗ್ಗಿ ಹುಡುಕ್ಯಾರ, ಒಂದು ಪೂರಾ ತುಕಡಿ."

"ಪಾಪ, ಆ ಕೂಸು ಎಷ್ಟು ಅತ್ತಿತೋ" ಎಂದಳು ದುರ್ಗಾದೇವಿ. ಹಾಗೆಂದು ಕೈ ತೊಳೆಯದೆಯೇ ಎದ್ದು ಹೊರಗೆ ನಡೆದಳು.

ಗೇಟಿನಿಂದ ಕೊಂಚ ದೂರದಲ್ಲಿ ನಿಲ್ಲಲು ಅನುಮತಿ ಸಿಕ್ಕಿತು. ಒಬ್ಬೊಬ್ಬರಾಗಿ ರೈತರು ಹೊರಬಂದರು. ಕೊನೆಗೆ ತಲೆಯ ಮೇಲೆ ಹುಲ್ಲಿನ ದೊಡ್ಡ ಹೊರೆ ಹೊತ್ತ ಹಳದಿ ದುಪಟ್ಟಾದವಳು. ಪಹರೆಯ ಹೆಂಗಸೊಬ್ಬಳು ಹೊರೆ ಇಳಿಸಿ, ಕಬ್ಬಿಣದ ಸರಳಿನಿಂದ ಚುಚ್ಚಿ ನೋಡಿ, ಮೈ ತಡವಿ, ಕೊನೆಗೆ ತಾನೇ ಕೈ ಹಚ್ಚಿ ಹೊರೆ ತಲೆಗೇರಿಸಿ ಕಳಿಸಿದಳು. ಗುರುಮೇಶನ ತಾಯಿ ಸ್ವರ್ಣ ಕೌರ್ ಹೊರಗೆ ಬಂದವಳೇ ದುರ್ಗಾದೇವಿಯನ್ನು ನೋಡಿ ಹೊರೆಯನ್ನು ದೊಪ್ಪನೆ ನೆಲಕ್ಕೆ ಬಿಟ್ಟು ಗಟ್ಟಿಯಾಗಿ ಅಪ್ಪಿಕೊಂಡಳು. ಹಸಿ ಹುಲ್ಲಿನ ವಾಸನೆ ದುರ್ಗಾದೇವಿಯ ಮೂಗಿಗೆ ತುಂಬಿಕೊಂಡಿತು. ಯಾಕೋ ಕಣ್ಣಲ್ಲಿ ನೀರು ಬಂತು. ಯಾರಿಗೂ ಕಾಣದಂತೆ ಆಕೆಯ ದುಪಟ್ಟಾಕ್ಕೇ ಒರೆಸಿಕೊಂಡಳು.

"ಹೆದರಿಕಿ ಆಗಲಿಲ್ಲೇನು ಕೇಳು" ಎಂದಳು ಗುರುಮೇಶನಿಗೆ.

ತಾಯಿಯ ಉತ್ತರ ಕೇಳಿ ಗುರುಮೇಶ ಹಣೆ ಚಚ್ಚಿಕೊಂಡ. "ಮಲಗಿದ್ದೆ ಅಂತಾಳ ಅವ್ವಾ! ಗೇಟು ಮುಚ್ಚಿದಾಗಷ್ಟ ನನಗ ಸುಖದ ನಿದ್ದಿ, ಮನಿಯವರು ಯಾರೂ ಚಹಾ ಮಾಡು ಅಂತ ಕರಿಯಂಗಿಲ್ಲ, ಅಂತಾಳ. ಗಾರ್ಡಿನವನೇ ಎಬ್ಬಿಸಿದನಂತ."

ಸ್ವರ್ಣ ಕೌರ್ ಮತ್ತೇನೋ ಹೇಳಿ ಮಗನ ಹೊಟ್ಟೆಗೆ ತಿವಿದಳು. ಅವನು ಅದನ್ನು ತಿಳಿಸಿ ಹೇಳಲಿಲ್ಲ. ಆದರೂ ದುರ್ಗಾದೇವಿಗೆ ಅರ್ಥವಾಯಿತು.

"ಹೌದವಾ ಸ್ವರ್ಣಮ್ಮ, ನಾನೇ ಬೆಳಸೀನಿ ಆ ಹೊಟ್ಟಿ. ಒಂದೊಂದು ಹೊತ್ತಿಗೆ ಆರು ರೊಟ್ಟಿ ತಿಂತಾನ!"

ಅಲ್ಲಿಂದ ಆಕೆ ಸ್ವರ್ಣಮ್ಮನೇ ಆದಳು. ಬಸ್ಸು ಹೊರಡುವ ಹೊತ್ತಾಗಿತ್ತು, ಆದರೆ ಸಂಗನಬಸವ ಎಲ್ಲೂ ಕಾಣಲಿಲ್ಲ. ಹುಡುಕಿದರೆ, ಗುರುದ್ವಾರದ ಹಿಂದೆ ತಂದಿಟ್ಟಿದ್ದ ಹುಲ್ಲಿನ ಹೊರೆಯ ಪಕ್ಕದಲ್ಲಿ ಕುಕ್ಕರಗಾಲಿನಲ್ಲಿ ಕೂತಿದ್ದ. ಹುಲ್ಲಿನ ಜೊತೆ ಒಂದೆರಡು ಭತ್ತದ ತೆನೆಯೂ ಕೊಯ್ದು ಬಂದಿದ್ದವು. ಅವುಗಳ ಕಾಳು ಬಿಡಿಸಿ, ಅಂಗೈಯಲ್ಲಿ ಉಜ್ಜಿ, ಮೂಸಿ, ಹಲ್ಲಿಗಿಟ್ಟು ನೋಡುತ್ತಿದ್ದ.

"ಏನ್ ಉದ್ದ ಐತ್ರೀ ಕಾಳು! ಏನ್ ವಾಸನಿ!" ಎಂದು ತನ್ನ ಸುತ್ತ ಕೂತಿದ್ದ ಊರ ರೈತರಿಗೆಲ್ಲ ಕನ್ನಡದಲ್ಲೇ ಹೇಳುತ್ತಿದ್ದ. ಅವರೂ ಪಂಜಾಬಿಯಲ್ಲಿ ಏನೇನೋ ವಿವರಿಸುತ್ತಿದ್ದರು. ಯೂರಿಯಾದಂಥ ಗೊಬ್ಬರಗಳ, ಔಷಧಿಗಳ ಹೆಸರುಗಳು ಮಾತ್ರ ಎರಡೂ ಕಡೆ ಒಂದೇ ಆಗಿದ್ದರಿಂದ ಮಾತುಕತೆ ಬಲು ಚೆನ್ನಾಗಿಯೇ ಸಾಗಿತ್ತು.

"ಸಂಗನಬಸಣ್ಣ, ಧ್ವಜ?" ಎಂದು ಹನುಮಂತರಾಯ ನೆನಪಿಸಿದ.

"ಈಗ ಹೋದ್ರ ಸಿಗ್ತೈತೇನು?"

"ಇಲ್ರೀ. ಹೊತ್ತಾತು."

ಸಂಗನಬಸವ ಒಂದು ಗಳಿಗೆ ಪಶ್ಚಿಮದ ಕಡೆ ನೋಡಿದ. ಆಮೇಲೆ ಹಿಟ್ಟು ಮೆತ್ತಿದ ರುಮಾಲು ತೆಗೆದು, ಪಕ್ಕದಲ್ಲಿ ಕೂತಿದ್ದ ಮುದುಕ ರೈತನ ಕೈಗಿಟ್ಟ. ಮುದುಕ ತನ್ನ ಪೇಟದ ಬಟ್ಟೆ ತರಿಸಿ, ಅವನನ್ನು ಮಂಚದ ಮೇಲೆ ಕೂರಿಸಿ, ತಾನೇ ಸುತ್ತಿ ಕಟ್ಟಿದ. ಯಾರೋ ಡೋಲು ತಂದರು. ಕಲ್ಯಾಣಮ್ಮ ಮೊದಲು ತಾಳ ಹಾಕಿದರು, ಆಮೇಲೆ ನಿಂತರು, ಕೊನೆಗೆ ಸ್ವರ್ಣಮ್ಮ ಕೈ ಹಿಡಿದು ಎಳೆದಾಗ ಕುಣಿದೇಬಿಟ್ಟರು. ಮಸ್ಕಿಯಲ್ಲಿ ಇದನ್ನು ಯಾರಿಗೂ ಹೇಳಬಾರದೆಂದು ಬಸ್ಸಿನಲ್ಲಿ ಎಲ್ಲರಿಂದಲೂ ಮಾತು ತೆಗೆದುಕೊಂಡರು.

ದೀಪಾವಳಿ ಕಳೆದು ಮುಕ್ಕುಂದದ ಗದ್ದೆಗಳು ಹೊನ್ನಿನ ಬಣ್ಣಕ್ಕೆ ತಿರುಗಿದವು. ಗುರುಮೇಶನ ಮಷಿನ್ ಲಾರಿಯ ಮೇಲೆ ಬಂದಿಳಿಯಿತು. ಅದಾದ ವಾರಕ್ಕೆ ಸಿಂಧನೂರಿನ ಸ್ಟೇಷನ್ನಿನಲ್ಲಿ ರೈಲಿನಿಂದ ಸ್ವರ್ಣಮ್ಮ ಇಳಿದಳು, ಕೈಯಲ್ಲಿ ತುಪ್ಪದ ಡಬ್ಬಿ ಹಿಡಿದು.

ಬಂದ ದಿನ ಚಹಾ ಕುಡಿದು ಹೊರಗೆ ಹೋದವಳು ಹೊತ್ತು ಮುಳುಗಿದರೂ ಬರಲಿಲ್ಲ. ಗ್ಯಾನಪ್ಪ ಗಾಬರಿಯಾಗಿ ಬ್ಯಾಟರಿ ಹುಡುಕತೊಡಗಿದ. ದುರ್ಗಾದೇವಿ ಗದ್ದೆಯ ಕಡೆ ನಡೆದಳು. ಸ್ವರ್ಣಮ್ಮ ಬದುವಿನ ಮೇಲೆ ಒಬ್ಬಳೇ ನಡೆಯುತ್ತಿದ್ದಳು. ಈ ತುದಿಯಿಂದ ಆ ತುದಿಗೆ ಹೋಗಿ, ಪಕ್ಕದವರ ಗದ್ದೆಗೂ ದಾಟಿ, ತೆನೆಗಳ ಮೇಲೆ ಕೈಯಾಡಿಸುತ್ತ ತಿರುಗಿ ಬರುತ್ತಿದ್ದಳು. ದುರ್ಗಾದೇವಿಯನ್ನು ಕಂಡು ನಿಂತು, ಹಿಂದಿಯಲ್ಲಿ ನಿಧಾನಕ್ಕೆ ಕೇಳಿದಳು: ಇಲ್ಲಿ ಎಷ್ಟು ಹೊತ್ತಿನ ತನಕ ಇರಬಹುದು?

"ಬೇಕಾದಷ್ಟು" ಎಂದಳು ದುರ್ಗಾದೇವಿ. ಆಕೆಗೆ ಗೊತ್ತಿದ್ದ ನಾಲ್ಕು ಹಿಂದಿ ಮಾತಿನಲ್ಲಿ ಅದಿರಲಿಲ್ಲ. ಎರಡೂ ಕೈ ಅಗಲ ಚಾಚಿ ತೋರಿಸಿದಳು.

ಸ್ವರ್ಣಮ್ಮ ತಲೆಯಾಡಿಸಿ ಅಲ್ಲಿಯೇ ಬದುವಿನ ಮೇಲೆ ಕೂತಳು. ದುರ್ಗಾದೇವಿ ಪಕ್ಕದಲ್ಲಿ ಕೂತು ಮನೆಗೆ ಫೋನು ಹಚ್ಚಿದಳು. "ಬ್ಯಾಟರಿ ಹುಡುಕೂದು ಬಿಡ್ರಿ. ರೊಟ್ಟಿ, ಬದನಿಕಾಯಿ ಪಲ್ಯ, ಮಜ್ಜಿಗಿ ತಗೊಂಡು ಗದ್ದಿಗೇ ಬರ್ರಿ. ಗುರುಮೇಶಗೂ ಹೇಳ್ರಿ. ಇವತ್ತು ಊಟ ಇಲ್ಲೇ."